ಅಮೆರಿಕದ ಇತಿಹಾಸದ ಹೆಣ್ಣುಮಕ್ಕಳ ಬಗ್ಗೆ ಕೋಕಿ ರಾಬರ್ಟ್ಸ್ ಬರೆದ ಪುಸ್ತಕಗಳು: ನಮ್ಮ ಓದುಗರ ಬಳಗ ಯಾವುದನ್ನು ಮೊದಲು ಎತ್ತಿಕೊಳ್ಳಬೇಕು?

ಪ್ರಶ್ನೆ
ಓದುಗಿ, ಗದಗ

ಎಲ್ಲರಿಗೂ ನಮಸ್ಕಾರ. ಗದಗ-ಬೆಟಗೇರಿಯ ನಾವು ಹನ್ನೊಂದು ಮಂದಿ ಹೆಣ್ಣುಮಕ್ಕಳು ತಿಂಗಳಿಗೊಮ್ಮೆ ಸರದಿಯಂತೆ ಒಬ್ಬರ ಮನೆಯಲ್ಲಿ ಕೂಡಿ, ಓದಿದ ಪುಸ್ತಕದ ಬಗ್ಗೆ ಮಾತಾಡುತ್ತೇವೆ. ಶಾಲಾ ಶಿಕ್ಷಕಿಯರು, ಬ್ಯಾಂಕಿನಿಂದ ನಿವೃತ್ತರಾದವರು, ಸೀರೆ ವ್ಯಾಪಾರ ಮಾಡುವವರು, ಹೀಗೆ ಬೇರೆ ಬೇರೆ ಕೆಲಸದವರಿದ್ದೇವೆ. ಇಷ್ಟು ದಿನ ಕನ್ನಡದ ಕಾದಂಬರಿ, ಆತ್ಮಕಥೆಗಳನ್ನೇ ಹೆಚ್ಚಾಗಿ ಓದಿದ್ದೇವೆ. ಮುಂದಿನ ತಿಂಗಳು ನನ್ನ ಸರದಿ.

ಅಮೆರಿಕದಲ್ಲಿರುವ ನನ್ನ ತಮ್ಮನ ಹೆಂಡತಿ ಹೋದ ದೀಪಾವಳಿಗೆ ಊರಿಗೆ ಬಂದಾಗ ಕೋಕಿ ರಾಬರ್ಟ್ಸ್ ಎಂಬ ಪತ್ರಕರ್ತೆಯ ಮೂರು ಪುಸ್ತಕಗಳನ್ನು ತಂದುಕೊಟ್ಟಳು: ‘ಫೌಂಡಿಂಗ್ ಮದರ್ಸ್’, ‘ಲೇಡೀಸ್ ಆಫ್ ಲಿಬರ್ಟಿ’ ಮತ್ತು ‘ಕ್ಯಾಪಿಟಲ್ ಡೇಮ್ಸ್’. ಮೊದಲನೆಯದರ ಅರ್ಧದಷ್ಟನ್ನು ಓದಿದ್ದೇನೆ. ವಾಷಿಂಗ್ಟನ್, ಫ್ರಾಂಕ್ಲಿನ್, ಆ್ಯಡಮ್ಸ್ ಮೊದಲಾದವರ ಹೆಸರುಗಳನ್ನು ನಾನು ಇಪ್ಪತ್ತು ವರ್ಷದಿಂದ ಪ್ರೌಢಶಾಲೆಯಲ್ಲಿ ಪಾಠ ಮಾಡುತ್ತ ಬಂದಿದ್ದರೂ, ಅವರ ಮನೆಗಳಲ್ಲಿದ್ದ ಹೆಂಗಸರು ಅಮೆರಿಕದ ಸ್ವಾತಂತ್ರ್ಯ ಯುದ್ಧದ ಎಂಟು ವರ್ಷ ಏನು ಮಾಡುತ್ತಿದ್ದರು ಎಂದು ಒಮ್ಮೆಯೂ ನನ್ನಷ್ಟಕ್ಕೆ ಕೇಳಿಕೊಂಡಿರಲಿಲ್ಲ ಎಂಬುದು ಓದುವಾಗ ಹೊಳೆದು ಮನಸ್ಸಿಗೆ ಬಹಳ ಕಸಿವಿಸಿಯಾಯಿತು.

ಆದರೆ ನಮ್ಮ ಬಳಗದಲ್ಲಿ ಎರಡು ಆಕ್ಷೇಪಗಳು ಬಂದಿವೆ. ಪತ್ರಕರ್ತೆ ಬರೆದದ್ದು ಓದಲು ಚೆನ್ನಾಗಿರಬಹುದು, ಅದನ್ನು ಇತಿಹಾಸವೆಂದು ನಂಬಬಹುದೇ ಎಂದು ಒಬ್ಬರು ಕೇಳಿದರು. ಅಧ್ಯಕ್ಷರ ಹೆಂಡತಿಯರ ಕಥೆ ಕಟ್ಟಿಕೊಂಡು ನಮಗೇನಾಗಬೇಕು ಎಂಬುದು ಇನ್ನೊಬ್ಬರ ಮಾತು. ಎರಡಕ್ಕೂ ನನ್ನಲ್ಲಿ ಸರಿಯಾದ ಉತ್ತರವಿಲ್ಲ. ಮೂರರಲ್ಲಿ ಯಾವುದನ್ನು ಮೊದಲು ಎತ್ತಿಕೊಳ್ಳಬೇಕು, ಇಡೀ ಪುಸ್ತಕ ಓದಲು ಬಿಡುವಿಲ್ಲದವರಿಗೆ ಯಾವ ಭಾಗವನ್ನು ಕನ್ನಡದಲ್ಲಿ ಹೇಳಿದರೆ ಚರ್ಚೆ ಬೆಳೆದೀತು ಎಂಬುದನ್ನು ತಿಳಿದವರು ದಯವಿಟ್ಟು ತಿಳಿಸಬೇಕು.

ಉತ್ತರ 1
ನಿವೃತ್ತ ಇತಿಹಾಸ ಅಧ್ಯಾಪಕ, ಧಾರವಾಡ

ಸಹೋದರಿಯವರಿಗೆ ನಮಸ್ಕಾರ. ಮೊದಲು ಪುಸ್ತಕಗಳ ಕಾಲಾನುಕ್ರಮವನ್ನು ಹೇಳಿಬಿಡುತ್ತೇನೆ. 2004ರಲ್ಲಿ ಬಂದ ‘ಫೌಂಡಿಂಗ್ ಮದರ್ಸ್’ ಸ್ವಾತಂತ್ರ್ಯ ಯುದ್ಧದ ಹಿಂದುಮುಂದಿನ ಕಾಲದ್ದು. 2008ರ ‘ಲೇಡೀಸ್ ಆಫ್ ಲಿಬರ್ಟಿ’ ಅಲ್ಲಿಂದ ಮುಂದೆ 1825ರವರೆಗೆ ಬರುತ್ತದೆ. 2015ರ ‘ಕ್ಯಾಪಿಟಲ್ ಡೇಮ್ಸ್’ ಅಂತರ್ಯುದ್ಧದ ಕಾಲದ ವಾಷಿಂಗ್ಟನ್ ನಗರದ ಹೆಂಗಸರನ್ನು ಕುರಿತದ್ದು. ಬಳಗಕ್ಕೆ ಮೊದಲನೆಯದೇ ಸರಿ. ಅದರಲ್ಲಿ ಬರುವ ಗಂಡಸರ ಹೆಸರುಗಳು ನಿಮ್ಮವರಿಗೆ ಶಾಲೆಯಿಂದಲೇ ಪರಿಚಿತವಾಗಿರುವುದರಿಂದ ಹೆಂಗಸರನ್ನು ಗುರುತು ಹಿಡಿಯುವುದು ಸುಲಭವಾಗುತ್ತದೆ.

ನಂಬಬಹುದೇ ಎಂಬ ಪ್ರಶ್ನೆಗೆ ನೇರವಾಗಿ ಉತ್ತರಿಸುತ್ತೇನೆ. ಈ ಹೆಂಗಸರನ್ನು ಕೋಕಿ ರಾಬರ್ಟ್ಸ್ ಮೊಟ್ಟಮೊದಲು ಕಂಡುಹಿಡಿದರು ಎಂದು ಭಾವಿಸಬಾರದು. 1980ರಲ್ಲಿಯೇ ಲಿಂಡಾ ಕೆರ್ಬರ್ ಮತ್ತು ಮೇರಿ ಬೆತ್ ನಾರ್ಟನ್ ಎಂಬ ಇಬ್ಬರು ಪ್ರಾಧ್ಯಾಪಕಿಯರು ಅಮೆರಿಕದ ಕ್ರಾಂತಿಕಾಲದ ಹೆಂಗಸರ ಬಗ್ಗೆ ಒಬ್ಬೊಬ್ಬರು ಒಂದೊಂದು ದೊಡ್ಡ ಸಂಶೋಧನಾ ಗ್ರಂಥವನ್ನು ಪ್ರಕಟಿಸಿದ್ದರು. ವಿಶ್ವವಿದ್ಯಾಲಯಗಳ ಒಳಗೆ ಹೀಗೆ ಬೆಳೆದಿದ್ದ ತಿಳಿವಳಿಕೆಯನ್ನು, ಮೂಲ ಪತ್ರಗಳನ್ನು ತಾವೂ ಓದಿ, ಮನೆಮನೆಯ ಓದುಗರಿಗೆ ಮುಟ್ಟಿಸಿದ್ದು ರಾಬರ್ಟ್ಸ್ ಅವರ ಕೆಲಸ. ಅವರ ಬರವಣಿಗೆಯಲ್ಲಿ ಆಧಾರ ಯಾವುದೆಂದರೆ ಕಾಗದಪತ್ರ: ಗಂಡನಿಗೆ ಬರೆದದ್ದು, ಅಕ್ಕತಂಗಿಯರಿಗೆ ಬರೆದದ್ದು, ಅಂಗಡಿಯ ಲೆಕ್ಕ, ಪತ್ರಿಕೆಗೆ ಕಳಿಸಿದ ಬರಹ. ಅಬಿಗೇಲ್ ಆ್ಯಡಮ್ಸ್ ಮತ್ತು ಅವರ ಗಂಡ, ಮುಂದೆ ಅಧ್ಯಕ್ಷರಾದ ಜಾನ್ ಆ್ಯಡಮ್ಸ್ ನಡುವಿನ ಸಾವಿರಕ್ಕೂ ಮಿಕ್ಕಿದ ಪತ್ರಗಳು ಉಳಿದಿವೆ. 1776ರ ಮಾರ್ಚ್ 31ರಂದು, ಹೊಸ ಕಾನೂನು ಮಾಡುವಾಗ ಹೆಂಗಸರನ್ನು ಮರೆಯಬೇಡಿರಿ ಎಂದು ಆಕೆ ಬರೆದ ಪತ್ರವನ್ನು ಎಲ್ಲರೂ ಉದ್ಧರಿಸುತ್ತಾರೆ. ಅದಕ್ಕೆ ಗಂಡ ಏಪ್ರಿಲ್ 14ರಂದು, ನಗದೆ ಇರಲಾರೆ ಎಂದು ಉತ್ತರ ಬರೆದದ್ದನ್ನು ಅಷ್ಟಾಗಿ ಯಾರೂ ಹೇಳುವುದಿಲ್ಲ. ಎರಡನ್ನೂ ಒಟ್ಟಿಗೆ ಓದಿಸಿರಿ. ಇದಕ್ಕೆ ಪ್ರತಿಯಾಗಿ ಸೇನಾಪತಿ ಜಾರ್ಜ್ ವಾಷಿಂಗ್ಟನ್ನರ ಹೆಂಡತಿ ಮಾರ್ಥಾ ವಾಷಿಂಗ್ಟನ್ ತಾವೂ ಗಂಡನೂ ಬರೆದುಕೊಂಡ ಪತ್ರಗಳನ್ನು ಗಂಡ ತೀರಿಕೊಂಡ ಮೇಲೆ ಸುಟ್ಟುಬಿಟ್ಟರು. ಬೆರಳೆಣಿಕೆಯಷ್ಟು ಮಾತ್ರ ಉಳಿದವು. ಯುದ್ಧದ ಚಳಿಗಾಲಗಳಲ್ಲಿ ದಂಡಿನ ಬೀಡಿಗೇ ಹೋಗಿ ಗಂಡನೊಂದಿಗೆ ಇರುತ್ತಿದ್ದ ಆ ಹೆಂಗಸು ಏನನ್ನು ಕಂಡರು, ಏನನ್ನು ಅಂದುಕೊಂಡರು ಎಂಬುದರಲ್ಲಿ ಬಹುಪಾಲು ಆ ಬೆಂಕಿಯಲ್ಲಿಯೇ ಹೋಯಿತು.

ಬಿಡುವಿಲ್ಲದವರಿಗೆ ಹೇಳಲು 1780ರ ಅಂಗಿಗಳ ಪ್ರಸಂಗಕ್ಕಿಂತ ಒಳ್ಳೆಯದು ಇಲ್ಲ. ಆ ವರ್ಷದ ಹೊತ್ತಿಗೆ ಅಮೆರಿಕದ ದಂಡಿಗೆ ಸಂಬಳವಿಲ್ಲ, ಬಟ್ಟೆಯಿಲ್ಲ, ಕಾಗದದ ಹಣದ ಬೆಲೆ ನೆಲ ಕಚ್ಚಿದೆ. ಲಂಡನ್ನಿನಲ್ಲಿ ಹುಟ್ಟಿ, ಮದುವೆಯಾಗಿ ಫಿಲಡೆಲ್ಫಿಯಾಕ್ಕೆ ಬಂದಿದ್ದ ಎಸ್ತರ್ ರೀಡ್ ಎಂಬಾಕೆ ಜೂನ್ ತಿಂಗಳಲ್ಲಿ ಒಂದು ಕರಪತ್ರ ಅಚ್ಚು ಹಾಕಿಸಿ, ದಂಡಾಳುಗಳಿಗಾಗಿ ಹೆಣ್ಣುಮಕ್ಕಳೇ ಹಣ ಕೂಡಿಸಬೇಕೆಂದು ಕರೆ ಕೊಟ್ಟರು. ಊರನ್ನು ಓಣಿಗಳ ಲೆಕ್ಕದಲ್ಲಿ ಹಂಚಿಕೊಂಡು, ಗಣ್ಯರ ಮನೆಯ ಹೆಂಗಸರು ಇಬ್ಬಿಬ್ಬರು, ಮೂವರು ಕೂಡಿ ಮನೆಮನೆಯ ಬಾಗಿಲು ಬಡಿದರು. ಹೆಂಗಸರು ಹೀಗೆ ಬೀದಿಗಿಳಿದು ಹಣ ಎತ್ತುವುದು ಅಂದಿನ ಕಾಲಕ್ಕೆ ಕಂಡರಿಯದ ಸಂಗತಿ. 1,600ಕ್ಕೂ ಹೆಚ್ಚು ಮಂದಿ ಕೊಟ್ಟದ್ದು ಕಾಗದದ ಹಣದಲ್ಲಿ ಸುಮಾರು 3,00,000 ಡಾಲರ್ ಆಯಿತು. ಬೆಳ್ಳಿಬಂಗಾರದ ಲೆಕ್ಕದಲ್ಲಿ ನೋಡಿದರೆ ಅದು 7,500 ಡಾಲರ್ ಆಸುಪಾಸಿನದು.

ಮುಂದಿನದು ಬಹಳ ಸ್ವಾರಸ್ಯವಾಗಿದೆ. ಒಬ್ಬೊಬ್ಬ ದಂಡಾಳುವಿನ ಕೈಗೆ ಎರಡೆರಡು ಡಾಲರ್ ಗಟ್ಟಿ ನಾಣ್ಯವನ್ನೇ ಕೊಡಬೇಕು, ಸರಕಾರ ಕೊಡಬೇಕಾದದ್ದನ್ನು ತುಂಬಿಕೊಡಲು ಇದು ಬಳಕೆಯಾಗಬಾರದು ಎಂಬುದು ಎಸ್ತರ್ ರೀಡ್ ಅವರ ಹಟ. ನಾಣ್ಯ ಕೊಟ್ಟರೆ ಹೆಂಡದ ಅಂಗಡಿಗೆ ಹೋಗುತ್ತದೆ, ಅಂಗಿ ಹೊಲಿಸಿ ಕೊಡಿರಿ ಎಂಬುದು ಸೇನಾಪತಿ ವಾಷಿಂಗ್ಟನ್ ಅವರ ಮಾತು. ಇಬ್ಬರ ನಡುವೆ ಪತ್ರವ್ಯವಹಾರ ನಡೆದು, ಕೊನೆಗೆ ಆಕೆ ಒಪ್ಪಿ ಅರಿವೆ ಕೊಳ್ಳುವ ಏರ್ಪಾಡು ಮಾಡುತ್ತಿರುವಾಗಲೇ ಸೆಪ್ಟೆಂಬರಿನಲ್ಲಿ ರಕ್ತಭೇದಿಯಿಂದ ತೀರಿಕೊಂಡರು. ಅವರಿಗಿನ್ನೂ 33 ವರ್ಷ. ಬೆಂಜಮಿನ್ ಫ್ರಾಂಕ್ಲಿನ್ನರ ಮಗಳು ಸಾರಾ ಬಾಚ್ ಆ ಕೆಲಸವನ್ನು ಕೈಗೆತ್ತಿಕೊಂಡು, ಕೂಲಿ ಉಳಿಸಲು ಹೆಂಗಸರಿಂದಲೇ ಹೊಲಿಸಿ, ವರ್ಷ ಮುಗಿಯುವುದರೊಳಗೆ ಎರಡು ಸಾವಿರಕ್ಕೂ ಹೆಚ್ಚು ಅಂಗಿಗಳನ್ನು ದಂಡಿಗೆ ಕಳಿಸಿದರು. ಪ್ರತಿ ಅಂಗಿಯ ಮೇಲೂ ಅದನ್ನು ಹೊಲಿದ ಹೆಣ್ಣುಮಗಳ ಹೆಸರಿತ್ತು. ನಾನು ಈ ಪ್ರಸಂಗವನ್ನು ತರಗತಿಯಲ್ಲಿ ಹೇಳಿದಾಗಲೆಲ್ಲ ಹುಡುಗಿಯರು ಆ ಹೆಸರುಗಳ ಬಗ್ಗೆಯೇ ಪ್ರಶ್ನೆ ಕೇಳುತ್ತಿದ್ದರು.

ಉತ್ತರ 2
ಪತ್ರಿಕಾ ವರದಿಗಾರ, ಹುಬ್ಬಳ್ಳಿ

ಗುರುಗಳು ಪುಸ್ತಕದ ಒಳಗಿನದನ್ನು ವಿವರವಾಗಿ ಹೇಳಿದ್ದಾರೆ. ಬರೆದವರ ಬಗ್ಗೆ ನಾನು ಕೆಲವು ಮಾತು ಸೇರಿಸುತ್ತೇನೆ, ಏಕೆಂದರೆ ಇವರು ಏಕೆ ಇಂಥ ಪುಸ್ತಕ ಬರೆದರು ಎಂಬುದು ಅವರ ಮನೆಯನ್ನು ನೋಡಿದರೆ ಅರ್ಥವಾಗುತ್ತದೆ.

ಕೋಕಿ ರಾಬರ್ಟ್ಸ್ 1943ರಲ್ಲಿ ನ್ಯೂ ಆರ್ಲಿಯನ್ಸಿನಲ್ಲಿ ಹುಟ್ಟಿದರು. ತಂದೆ ಹೇಲ್ ಬಾಗ್ಸ್ ಅಮೆರಿಕದ ಪ್ರತಿನಿಧಿ ಸಭೆಯಲ್ಲಿ ಬಹುಮತದ ಪಕ್ಷದ ನಾಯಕರಾಗಿದ್ದವರು. 1972ರ ಅಕ್ಟೋಬರಿನಲ್ಲಿ ಅವರಿದ್ದ ವಿಮಾನ ಅಲಾಸ್ಕಾದಲ್ಲಿ ಕಾಣೆಯಾಯಿತು, ಇಂದಿಗೂ ಸಿಕ್ಕಿಲ್ಲ. ಮರುವರ್ಷ ತಾಯಿ ಲಿಂಡಿ ಬಾಗ್ಸ್ ಅದೇ ಕ್ಷೇತ್ರದಿಂದ ಗೆದ್ದು ಹದಿನೇಳು ವರ್ಷಕ್ಕೂ ಮೇಲ್ಪಟ್ಟು ಸದಸ್ಯೆಯಾಗಿದ್ದರು. ಸಾಲ ಕೊಡುವಾಗ ತಾರತಮ್ಯ ಮಾಡಕೂಡದೆಂಬ 1974ರ ಮಸೂದೆ ಸಮಿತಿಯ ಮುಂದೆ ಬಂದಾಗ ಅದರಲ್ಲಿ ಹೆಂಗಸರ ಮಾತೇ ಇರಲಿಲ್ಲ. ಲಿಂಡಿ ಬಾಗ್ಸ್ ಪ್ರತಿಯ ಮೇಲೆ ತಮ್ಮ ಕೈಯಿಂದಲೇ ಲಿಂಗ ಅಥವಾ ವೈವಾಹಿಕ ಸ್ಥಿತಿ ಎಂಬ ಮಾತು ಸೇರಿಸಿ, ಅದರ ನಕಲು ಮಾಡಿಸಿ, ಸದಸ್ಯರು ಇದನ್ನು ಕಣ್ತಪ್ಪಿನಿಂದ ಬಿಟ್ಟಿರಬೇಕು ಎಂದು ಸೌಜನ್ಯದಿಂದ ಹೇಳಿ ಎಲ್ಲರಿಗೂ ಹಂಚಿದರು. ಗಂಡನನ್ನು ಕಳೆದುಕೊಂಡ, ಗಂಡನಿಂದ ಬೇರೆಯಾದ ಹೆಂಗಸರಿಗೆ ಬ್ಯಾಂಕುಗಳು ಅವರದೇ ಹೆಸರಿನಲ್ಲಿ ಸಾಲ ಕೊಡದಿದ್ದ ಕಾಲವದು. ಗಂಡನಿದ್ದಾಗಲೂ ಲಿಂಡಿ ಬಾಗ್ಸ್ ಚುನಾವಣೆ ನಡೆಸಿದವರು, ಕಚೇರಿ ನೋಡಿಕೊಂಡವರು. ಇಷ್ಟೆಲ್ಲ ಮಾಡಿಯೂ ಹೆಸರಿಲ್ಲದೆ ಇದ್ದ ತಾಯಿಯನ್ನು ಕಣ್ಣಾರೆ ಕಂಡ ಮಗಳು, ರೇಡಿಯೊ ಮತ್ತು ದೂರದರ್ಶನದಲ್ಲಿ ದಶಕಗಟ್ಟಲೆ ಅದೇ ಸಂಸತ್ತಿನ ವರದಿ ಮಾಡಿ, ಇನ್ನೂರು ವರ್ಷದ ಹಿಂದೆಯೂ ಹೀಗೆಯೇ ನಡೆದಿರಬೇಕಲ್ಲ ಎಂದು ಕೇಳಿಕೊಂಡದ್ದು ಸಹಜ. 2019ರಲ್ಲಿ ಅವರು ತೀರಿಕೊಂಡರು.

ವರದಿಗಾರರಿಗೆ ಒಂದು ಅಭ್ಯಾಸವಿರುತ್ತದೆ. ದೊಡ್ಡ ಮನುಷ್ಯ ಊರಿನಲ್ಲಿರಲಿಲ್ಲವೆಂದರೆ, ಆಗ ಕೆಲಸ ನಡೆಸಿದವರು ಯಾರು ಎಂದು ನಾವು ಕೇಳುತ್ತೇವೆ. ಬೆಂಜಮಿನ್ ಫ್ರಾಂಕ್ಲಿನ್ 1764ರಿಂದ 1775ರವರೆಗೆ ಲಂಡನ್ನಿನಲ್ಲಿದ್ದರು. ಫಿಲಡೆಲ್ಫಿಯಾದ ಮನೆ, ವ್ಯವಹಾರ, ಅಂಚೆಯ ಲೆಕ್ಕ ಎಲ್ಲವನ್ನೂ ನೋಡಿಕೊಂಡವರು ಹೆಂಡತಿ ಡೆಬೊರಾ. 1765ರಲ್ಲಿ, ಕಾಗದಪತ್ರಗಳ ಮೇಲೆ ಬ್ರಿಟಿಷರು ತೆರಿಗೆ ಹೇರಿದ ಸ್ಟ್ಯಾಂಪ್ ಕಾಯಿದೆಯ ವಿರುದ್ಧ ಗಲಭೆಯಾಗಿ ಜನ ಮನೆಯ ಮೇಲೆ ಏರಿಬರುತ್ತಾರೆಂಬ ಸುದ್ದಿ ಬಂದಾಗ, ಓಡಿಹೋಗೆಂದು ಎಲ್ಲರೂ ಹೇಳಿದರೂ ಕೇಳದೆ, ಬಂದೂಕು ತರಿಸಿಕೊಂಡು ಮನೆಯಲ್ಲಿಯೇ ನಿಂತರು. ಗಂಡ ಮರಳುವ ಮೊದಲೇ, 1774ರ ಡಿಸೆಂಬರಿನಲ್ಲಿ ತೀರಿಕೊಂಡರು.

ನನ್ನ ವೃತ್ತಿಯವರೇ ಆದ ಇನ್ನೊಬ್ಬರ ಹೆಸರನ್ನು ಇಲ್ಲಿ ಹೇಳಲೇಬೇಕು. ಮೇರಿ ಕ್ಯಾಥರೀನ್ ಗಾಡರ್ಡ್ ಬಾಲ್ಟಿಮೋರಿನಲ್ಲಿ ಪತ್ರಿಕೆ ಮತ್ತು ಮುದ್ರಣಾಲಯ ನಡೆಸುತ್ತಿದ್ದವರು, ಅದೇ ಊರಿನ ಪೋಸ್ಟ್‌ಮಾಸ್ಟರ್ ಕೂಡ. ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದವರ ಹೆಸರುಗಳನ್ನು ಸೇರಿಸಿದ ಮೊದಲ ಮುದ್ರಿತ ಪ್ರತಿ 1777ರ ಜನವರಿಯಲ್ಲಿ ಅವರ ಅಚ್ಚುಕೂಟದಿಂದಲೇ ಹೊರಬಂತು. ಆ ಹೆಸರುಗಳು ಬ್ರಿಟಿಷರ ಕೈಗೆ ಸಿಕ್ಕರೆ ನೇಣು ಕಟ್ಟಿಟ್ಟದ್ದು ಎಂಬ ಹೊತ್ತಿನಲ್ಲಿ ಅಡಿಯಲ್ಲಿ ತಮ್ಮ ಪೂರ್ಣ ಹೆಸರನ್ನೂ ಅಚ್ಚು ಹಾಕಿದರು. 1789ರಲ್ಲಿ ಅವರನ್ನು ಪೋಸ್ಟ್‌ಮಾಸ್ಟರ್ ಕೆಲಸದಿಂದ ತೆಗೆದು ಬೇರೊಬ್ಬ ಗಂಡಸಿಗೆ ಕೊಟ್ಟಾಗ ಊರಿನ ಇನ್ನೂರಕ್ಕೂ ಹೆಚ್ಚು ಮಂದಿ ಸಹಿ ಹಾಕಿ ಮನವಿ ಕೊಟ್ಟರೂ ಫಲ ಸಿಗಲಿಲ್ಲ. ಇದನ್ನು ಓದುವಾಗ ನಮ್ಮ ಹುಬ್ಬಳ್ಳಿಯ ಉಮಾಬಾಯಿ ಕುಂದಾಪುರ ಅವರ ನೆನಪು ಬಾರದೆ ಇರಲಿಲ್ಲ. ಚಳವಳಿಯ ಕಾಲದಲ್ಲಿ ಅವರ ಮನೆತನದ ಕರ್ನಾಟಕ ಪ್ರೆಸ್ಸಿಗೆ ಸರಕಾರ ಬೀಗ ಹಾಕಿತ್ತು, ಅವರ ಮಹಿಳಾ ಸಂಘವಾದ ಭಗಿನಿ ಮಂಡಲವನ್ನು ಕಾನೂನುಬಾಹಿರವೆಂದು ಸಾರಿತ್ತು, ಅವರು ಯರವಡಾ ಸೆರೆಮನೆಯಲ್ಲಿದ್ದರು. 1924ರ ಬೆಳಗಾವಿ ಕಾಂಗ್ರೆಸ್ಸಿಗೆ ಹೆಣ್ಣುಮಕ್ಕಳನ್ನು ಸ್ವಯಂಸೇವಕಿಯರಾಗಿ ತಯಾರು ಮಾಡಿ ಕರೆತಂದವರೂ ಅವರೇ. ನಿಮ್ಮ ಬಳಗದ ಎರಡನೆಯ ಆಕ್ಷೇಪಕ್ಕೆ ಇದರಲ್ಲಿ ಸ್ವಲ್ಪ ಉತ್ತರವಿದೆ ಎಂದುಕೊಂಡಿದ್ದೇನೆ.

ಉತ್ತರ 3
ಸಂಶೋಧನಾ ವಿದ್ಯಾರ್ಥಿನಿ, ಹಾವೇರಿ

ಹಿರಿಯರಿಬ್ಬರ ಮಾತನ್ನು ಗೌರವದಿಂದ ಓದಿದೆ. ಆದರೆ ಅಧ್ಯಕ್ಷರ ಹೆಂಡತಿಯರ ಕಥೆ ನಮಗೇಕೆ ಎಂದು ಕೇಳಿದ ಆ ಸಹೋದರಿಯ ಪ್ರಶ್ನೆಯನ್ನು ಅಷ್ಟು ಸುಲಭವಾಗಿ ದಾಟಬಾರದು ಎಂದು ನನಗೆ ಅನ್ನಿಸುತ್ತದೆ. ಪತ್ರಗಳನ್ನು ಆಧರಿಸಿ ಬರೆದ ಇತಿಹಾಸದಲ್ಲಿ ಪತ್ರ ಬರೆಯಬಲ್ಲವರು, ಬರೆದ ಪತ್ರವನ್ನು ಕಾಪಾಡಿಕೊಳ್ಳುವ ಮನೆತನದವರು ಮಾತ್ರ ಮುಂದೆ ಬಂದು ನಿಲ್ಲುತ್ತಾರೆ. ಮೊದಲ ಎರಡು ಪುಸ್ತಕಗಳಲ್ಲಿ ಈ ಕೊರತೆ ಎದ್ದು ಕಾಣುತ್ತದೆ.

ಗುರುಗಳು ಹೇಳಿದ 1780ರ ಪ್ರಸಂಗವನ್ನೇ ತೆಗೆದುಕೊಳ್ಳಿರಿ. ಆ ದಾನಿಗಳ ಪಟ್ಟಿಯಲ್ಲಿ ಅಮೆರಿಕದ ಪರವಾಗಿ ಕಾದಿದ ಫ್ರಾನ್ಸಿನ ಸೇನಾಪತಿ ಲಾಫಯೆಟ್ ತಮ್ಮ ಹೆಂಡತಿಯ ಹೆಸರಿನಲ್ಲಿ ಕೊಟ್ಟ ನೂರು ಗಿನಿ ಚಿನ್ನದ ನಾಣ್ಯ ಇದೆ. ಫಿಲಿಸ್ ಎಂಬ ಕಪ್ಪು ಹೆಣ್ಣುಮಗಳು ಕೊಟ್ಟ 7 ಶಿಲಿಂಗ್ 6 ಪೆನ್ಸ್ ಕೂಡ ಇದೆ. ಲಾಫಯೆಟ್ ದಂಪತಿಗಳ ಬಗ್ಗೆ ಕಪಾಟು ತುಂಬುವಷ್ಟು ಪುಸ್ತಕಗಳಿವೆ, ಫಿಲಿಸ್ ಎಂಬ ಆ ಹೆಸರಿನ ಮುಂದೆ ಮನೆತನದ ಹೆಸರು ಕೂಡ ಇಲ್ಲ. ನನಗೆ ಇಡೀ ಪ್ರಸಂಗದಲ್ಲಿ ಮರೆಯಲಾಗದ ಸಾಲು ಅದು.

ಹಾಗೆಯೇ ಮಾರ್ಥಾ ವಾಷಿಂಗ್ಟನ್ ಅವರ ಬಗ್ಗೆ ಮಾತಾಡುವಾಗ, ಅವರ ಮನೆಯಲ್ಲಿ ಗುಲಾಮಳಾಗಿದ್ದ ಓನಾ ಜಡ್ಜ್ ಬಗ್ಗೆಯೂ ಬಳಗದಲ್ಲಿ ಹೇಳಬೇಕು. ವಾಷಿಂಗ್ಟನ್ ಇನ್ನೂ ಅಧ್ಯಕ್ಷರಾಗಿದ್ದಾಗಲೇ, 1796ರ ಮೇ ತಿಂಗಳಲ್ಲಿ ಆಕೆ ಫಿಲಡೆಲ್ಫಿಯಾದ ಅಧ್ಯಕ್ಷರ ಮನೆಯಿಂದ ತಪ್ಪಿಸಿಕೊಂಡು ಹಡಗು ಹತ್ತಿ ನ್ಯೂ ಹ್ಯಾಂಪ್‌ಷೈರಿನ ಪೋರ್ಟ್ಸ್‌ಮತ್ ಸೇರಿದಳು. ಮರಳಿ ಹಿಡಿದು ತರಿಸಲು ಅವರು ಮಾಡಿದ ಪ್ರಯತ್ನಗಳು ಫಲಿಸಲಿಲ್ಲ. 1848ರವರೆಗೆ ಆಕೆ ನ್ಯೂ ಹ್ಯಾಂಪ್‌ಷೈರಿನಲ್ಲಿಯೇ, ಕಾನೂನಿನ ಕಣ್ಣಿನಲ್ಲಿ ಓಡಿಹೋದ ಗುಲಾಮಳಾಗಿಯೇ ಬಾಳಿ ತೀರಿಕೊಂಡಳು. ಸ್ವಾತಂತ್ರ್ಯಕ್ಕಾಗಿ ಹೋರಾಡಿದ ಹೆಂಗಸರು ಎಂಬ ಮಾತಿನ ಒಳಗೆ ಓನಾ ಜಡ್ಜ್ ಸೇರದಿದ್ದರೆ ಆ ಮಾತಿಗೆ ಏನರ್ಥ?

ಆದ್ದರಿಂದ ನನ್ನ ಸಲಹೆ ಮೂರನೆಯ ಪುಸ್ತಕ. ‘ಕ್ಯಾಪಿಟಲ್ ಡೇಮ್ಸ್’ನಲ್ಲಿಯೂ ದೊಡ್ಡ ಮನೆಯ ಹೆಂಗಸರೇ ಹೆಚ್ಚಾಗಿದ್ದಾರೆ, ಆದರೂ ಬಾಗಿಲು ಸ್ವಲ್ಪ ಅಗಲವಾಗಿ ತೆರೆದಿದೆ. ಎಲಿಜಬೆತ್ ಕೆಕ್ಲಿ ಅದರಲ್ಲಿ ಬರುತ್ತಾರೆ. ವರ್ಜೀನಿಯಾದಲ್ಲಿ ಗುಲಾಮಳಾಗಿ ಹುಟ್ಟಿ, ಹೊಲಿಗೆಯ ಕಸುಬಿನ ಬಲದಿಂದ 1855ರಲ್ಲಿ 1,200 ಡಾಲರ್ ಕೊಟ್ಟು ತನ್ನನ್ನೂ ಮಗನನ್ನೂ ಬಿಡಿಸಿಕೊಂಡವರು. ಗಿರಾಕಿಗಳಾಗಿದ್ದ ಗಣ್ಯ ಹೆಂಗಸರು ಮುಂಗಡವಾಗಿ ಕೊಟ್ಟ ಆ ಹಣವನ್ನು ಹೊಲಿದು ಹೊಲಿದು ತೀರಿಸಿದರು. ವಾಷಿಂಗ್ಟನ್ನಿಗೆ ಬಂದು ಮೊದಲು ವರೀನಾ ಡೇವಿಸ್ ಅವರಿಗೆ (ಮುಂದೆ ಅಂತರ್ಯುದ್ಧದಲ್ಲಿ ದಕ್ಷಿಣದ ರಾಜ್ಯಗಳ ಅಧ್ಯಕ್ಷರಾದ ಜೆಫರ್ಸನ್ ಡೇವಿಸ್ ಅವರ ಹೆಂಡತಿ), ಆಮೇಲೆ ಅಧ್ಯಕ್ಷ ಲಿಂಕನ್ ಅವರ ಹೆಂಡತಿಗೆ ಉಡುಪು ಹೊಲಿದರು. ಅಂತರ್ಯುದ್ಧದಲ್ಲಿ ಎದುರುಬದುರಾದ ಎರಡು ಮನೆಗಳ ಒಳಕೋಣೆಯನ್ನೂ ಬಲ್ಲವರಾಗಿದ್ದ ಅವರು, 1862ರಲ್ಲಿ ತಪ್ಪಿಸಿಕೊಂಡು ಬಂದ ಗುಲಾಮರ ನೆರವಿಗೆ ಸಂಘ ಕಟ್ಟಿ, 1868ರಲ್ಲಿ ತಮ್ಮ ಆತ್ಮಕಥೆಯನ್ನೂ ಬರೆದರು.

ಅದೇ ವಾಷಿಂಗ್ಟನ್ ನಗರದ ಮದ್ದುಗುಂಡಿನ ಕಾರ್ಖಾನೆಯ ದುರಂತವನ್ನೂ ಸೇರಿಸಿಕೊಳ್ಳಿರಿ. 1864ರ ಜೂನ್ 17ರಂದು ಬಿಸಿಲಿಗೆ ಒಣಹಾಕಿದ್ದ ಸಿಡಿಮದ್ದಿಗೆ ಕಿಡಿ ಹೊತ್ತಿ, ಬಂದೂಕಿನ ತೋಟಾ ತುಂಬುತ್ತ ಕುಳಿತಿದ್ದ 21 ಮಂದಿ ಹೆಣ್ಣುಮಕ್ಕಳು ಸತ್ತರು. ಅವರಲ್ಲಿ ಅನೇಕರು ಐರಿಷ್ ಬಡವರ ಮನೆಯ ಹುಡುಗಿಯರು. ಶವಯಾತ್ರೆಯಲ್ಲಿ ಲಿಂಕನ್ ಸ್ವತಃ ಭಾಗವಹಿಸಿದರು. ಯುದ್ಧದ ಇತಿಹಾಸದಲ್ಲಿ ಯಾವ ಸೇನಾಪತಿ ಎಲ್ಲಿ ಗೆದ್ದನೆಂಬುದು ಪುಟಗಟ್ಟಲೆ ಸಿಗುತ್ತದೆ, ಅವನ ತೋಟಾ ತುಂಬಿದವರು ಹುಡುಕಿದರೆ ಮಾತ್ರ ಸಿಗುತ್ತಾರೆ. ನಮ್ಮ ಜಿಲ್ಲೆಯಲ್ಲಿಯೂ, 1943ರಲ್ಲಿ ಹೊಸರಿತ್ತಿಯಲ್ಲಿ ಗುಂಡಿಗೆ ಬಲಿಯಾದ ಮೈಲಾರ ಮಹಾದೇವಪ್ಪನವರ ಹೆಸರು ಮಕ್ಕಳಿಗೂ ಗೊತ್ತು. ಸಾಬರಮತಿ ಆಶ್ರಮದಲ್ಲಿದ್ದು ತಾವೂ ಸೆರೆಮನೆ ಕಂಡ ಅವರ ಪತ್ನಿ ಸಿದ್ದಮ್ಮನವರ ಬಗ್ಗೆ ಕೇಳಿದರೆ ದೊಡ್ಡವರೂ ತಡವರಿಸುತ್ತಾರೆ.

ಉತ್ತರ 4
ನಿವೃತ್ತ ಇತಿಹಾಸ ಅಧ್ಯಾಪಕ, ಧಾರವಾಡ

ಹಾವೇರಿಯ ಮಗಳ ಆಕ್ಷೇಪ ನ್ಯಾಯವಾದದ್ದು. ಫಿಲಿಸ್ ಹೆಸರನ್ನು ನಾನು ಹೇಳದೆ ಬಿಟ್ಟದ್ದು ನನ್ನದೇ ತಪ್ಪು. ಆದರೂ ಒಂದು ಮಾತಿನಲ್ಲಿ ನನ್ನ ಅಭಿಪ್ರಾಯ ಬೇರೆ. ಫಿಲಿಸ್ ಕೊಟ್ಟ ಆ ಏಳೂವರೆ ಶಿಲಿಂಗು ನಮಗೆ ತಿಳಿದದ್ದು ಹಣ ಎತ್ತಿದ ಹೆಂಗಸರು ಲೆಕ್ಕ ಬರೆದಿಟ್ಟಿದ್ದರಿಂದಲೇ. ಗಣ್ಯರ ಮನೆಯ ಕಾಗದಪತ್ರವನ್ನು ತಿರಸ್ಕರಿಸಿದರೆ ಬಡವರ ಸುಳಿವೂ ಅದರೊಂದಿಗೆ ಹೋಗುತ್ತದೆ. ಆ ಕಾಗದವನ್ನೇ ಬೇರೆ ಕಣ್ಣಿನಿಂದ ಓದಬೇಕು. ಆದ್ದರಿಂದ ಮೊದಲ ಪುಸ್ತಕದಿಂದಲೇ ಆರಂಭಿಸಿರಿ, ಫಿಲಿಸ್ ಮತ್ತು ಓನಾ ಜಡ್ಜ್ ಇಬ್ಬರನ್ನೂ ಜೊತೆಗಿಟ್ಟುಕೊಂಡು ಆರಂಭಿಸಿರಿ ಎಂಬುದು ನನ್ನ ಸಲಹೆ.

ಪ್ರಶ್ನೆ ಕೇಳಿದವರ ಮರುಮಾತು
ಓದುಗಿ, ಗದಗ

ಗುರುಗಳಿಗೂ, ಹುಬ್ಬಳ್ಳಿಯ ಸರ್ ಅವರಿಗೂ, ಹಾವೇರಿಯ ತಂಗಿಗೂ ಮನಃಪೂರ್ವಕ ಧನ್ಯವಾದಗಳು. ನಿಮ್ಮ ಉತ್ತರಗಳನ್ನು ಅಚ್ಚು ತೆಗೆಸಿ ಬಳಗದ ಎಲ್ಲರಿಗೂ ಕೊಟ್ಟಿದ್ದೇನೆ. ಮುಂದಿನ ತಿಂಗಳು 1780ರ ಅಂಗಿಗಳ ಪ್ರಸಂಗವೊಂದನ್ನೇ ಇಟ್ಟುಕೊಳ್ಳುವುದೆಂದು ತೀರ್ಮಾನಿಸಿದ್ದೇವೆ. ಅದರ ಮುಂದಿನ ತಿಂಗಳಿಗೆ ಎಲಿಜಬೆತ್ ಕೆಕ್ಲಿ ಮತ್ತು ಮದ್ದಿನ ಕಾರ್ಖಾನೆಯ ಹುಡುಗಿಯರು. ಅಧ್ಯಕ್ಷರ ಹೆಂಡತಿಯರ ಬಗ್ಗೆ ಆಕ್ಷೇಪಿಸಿದ್ದ ನಮ್ಮ ಹಿರಿಯ ಅಕ್ಕನವರು ಡೆಬೊರಾ ಫ್ರಾಂಕ್ಲಿನ್ ಬಂದೂಕು ತರಿಸಿಕೊಂಡ ಸಂಗತಿಯನ್ನು ತಾವೇ ಹೇಳುತ್ತೇನೆಂದು ಒಪ್ಪಿಕೊಂಡಿದ್ದಾರೆ.

ಅಂಗಿಯ ಮೇಲೆ ಹೊಲಿದವಳ ಹೆಸರಿತ್ತು ಎಂಬ ಸಾಲನ್ನು ಓದಿದ ದಿನ ರಾತ್ರಿ ನಮ್ಮ ತವರಿನಿಂದ ಬಂದ ಒಂದು ಹಳೆಯ ವಹಿಯನ್ನು ತೆಗೆದು ನೋಡಿದೆ. ನನ್ನ ಅಜ್ಜ ಬೆಟಗೇರಿಯಲ್ಲಿ ಕೈಮಗ್ಗದ ನೇಕಾರರಾಗಿದ್ದರು. ಕಂಡಿಕೆ ಸುತ್ತುವುದು, ಹಾಸು ಹೂಡಲು ನೂಲು ಸಿದ್ಧ ಮಾಡುವುದು ಎಲ್ಲ ಅಜ್ಜಿಯ ಮತ್ತು ಅತ್ತೆಯಂದಿರ ಕೈಕೆಲಸ. ಅವರ ಕೈ ನಿಂತರೆ ಮಗ್ಗವೂ ನಿಲ್ಲುತ್ತಿತ್ತು ಎಂದು ನನ್ನ ಅವ್ವ ಈಗಲೂ ಹೇಳುತ್ತಾಳೆ. ವಹಿಯಲ್ಲಿ ಸೀರೆ ಎಷ್ಟು, ಮಜೂರಿ ಎಷ್ಟು, ಸಾಹುಕಾರರಿಗೆ ಮುರಿದುಕೊಟ್ಟದ್ದು ಎಷ್ಟು ಎಂದು ಪುಟಪುಟವೂ ತುಂಬಿದೆ, ಪ್ರತಿ ಸಾಲಿನ ಮುಂದೆ ಅಜ್ಜನ ಹೆಸರಿದೆ. ಅಜ್ಜಿಯ ಹೆಸರನ್ನು ಮೊದಲಿನಿಂದ ಕೊನೆಯವರೆಗೆ ಹುಡುಕಿದೆ. ಒಂದೇ ಕಡೆ ಸಿಕ್ಕಿತು. ಒಂದು ವರ್ಷ ಶ್ರಾವಣದಲ್ಲಿ ಆಕೆಯ ಬಳೆ ಒತ್ತೆಯಿಟ್ಟು ನೂಲು ತಂದ ಲೆಕ್ಕ ಅದು.

ಆ ವಹಿಯನ್ನು ಕೂಟಕ್ಕೆ ತರುತ್ತೇನೆ. ಬಳಗದವರೆಲ್ಲರೂ ತಮ್ಮ ಮನೆಯಲ್ಲಿ ಹೆಣ್ಣುಮಕ್ಕಳ ಕೈಬರಹವೋ ಹೆಸರೋ ಇರುವ ಒಂದೊಂದು ಹಳೆಯ ಕಾಗದವನ್ನು ತರಬೇಕೆಂದು ಕೇಳಿಕೊಂಡಿದ್ದೇನೆ. ಹುಬ್ಬಳ್ಳಿಯ ಭಗಿನಿ ಮಂಡಲದಲ್ಲಿದ್ದವರ ಮನೆಗಳಲ್ಲಿ ಅಂಥ ಪತ್ರಗಳು ಉಳಿದಿದ್ದರೆ, ಅವುಗಳ ನಕಲನ್ನಾದರೂ ಓದಲು ಕೊಡುವವರು ಇಲ್ಲಿಯೇ ತಿಳಿಸಿದರೆ ನಾವು ಬಂದು ನೋಡಿಕೊಂಡು ಹೋಗುತ್ತೇವೆ.